ದನಿ ಹೋದ ಚಾಚಾ ಒಪ್ಪಿಸಿದ ಅಜಾನ್

ಹಳಿಯಾಳದ ಕಟ್ಟಿಗೆ ಡಿಪೋದಲ್ಲಿ ದಿನವಿಡೀ ದಿಮ್ಮಿ ಹೇರಿ ಮನೆಗೆ ಬಂದರೆ ನನಗೆ ಊಟವೂ ಬೇಡವಾಗುತ್ತಿತ್ತು. ಅಂಥ ಒಂದು ಸಂಜೆ ಚಾಚಾ ಬಂದರು. ನಮ್ಮೂರ ಸಣ್ಣ ಮಸೀದಿಯಲ್ಲಿ ಮೂವತ್ತು ವರ್ಷ ಅಜಾನ್ ಕೂಗಿದವರು. ಗಂಟಲಿನ ಆಪರೇಶನ್ ಆದ ಮೇಲೆ ಅವರ ದನಿ ಪಿಸುಮಾತಿಗೆ ಇಳಿದಿತ್ತು.

“ನಾಳಿಯಿಂದ ನಸುಕಿನ ಅಜಾನ್ ನೀ ಕೂಗಬೇಕಪಾ.”

“ನನ್ನಿಂದ ಆಗೂದಿಲ್ಲ ಚಾಚಾ. ಮೈ ಸೋತೈತ್ರಿ. ಅರಬ್ಬಿಗೆ ನನ್ನ ನಾಲಿಗಿನೂ ಹೊಳ್ಳೂದಿಲ್ಲ.”

ಅವರು ಹೊಸ್ತಿಲ ಮೇಲೆ ಕೂತು, ಉಸಿರು ಹಿಡಿದು ಹಿಡಿದು ಹೇಳಿದರು. ಮದೀನಾದಲ್ಲಿ ಪ್ರವಾದಿಯವರು ಮಸೀದಿ ಕಟ್ಟಿದ ಹೊಸತರಲ್ಲಿ ಜನರನ್ನು ನಮಾಜಿಗೆ ಕರೆಯುವುದು ಹೇಗೆಂಬ ಮಾತು ಬಂತಂತೆ. ಕೊಂಬು ಊದೋಣ ಎಂದರು ಕೆಲವರು, ಗಂಟೆ ಬಾರಿಸೋಣ ಎಂದರು ಕೆಲವರು. ಕೊನೆಗೆ ಪ್ರವಾದಿಯವರ ಒಬ್ಬ ಸಂಗಡಿಗನಿಗೆ ಕನಸಿನಲ್ಲಿ ಕರೆಯ ಮಾತುಗಳು ಕೇಳಿಸಿದವು. ಪ್ರವಾದಿಯವರು ಆ ಮಾತುಗಳನ್ನು ಒಪ್ಪಿದರು. ಆದರೆ ಕೂಗಲು ಹೇಳಿದ್ದು ಕನಸು ಕಂಡವನಿಗಲ್ಲ, ಗುಲಾಮಗಿರಿಯಿಂದ ಬಿಡುಗಡೆಯಾಗಿದ್ದ, ಆಫ್ರಿಕಾ ಮೂಲದ ಒಬ್ಬ ಹಬಶಿಗೆ. ನಂಬಿಕೆ ಬಿಡಲಿಲ್ಲವೆಂದು ಆತನ ಹಿಂದಿನ ಧಣಿ ಸುಡುವ ಮರಳಿನಲ್ಲಿ ಮಲಗಿಸಿ, ಎದೆಯ ಮೇಲೆ ಬಂಡೆ ಹೇರಿದ್ದನಂತೆ.

“ಅವರೂ ನಮ್ಮ ಸಿದ್ದಿ ಮಂದಿ ಹಂಗ ಕರ್ರಗ ಇದ್ರು. ಅವರ ಮೈ ಸೋತಿರಲಿಲ್ಲೇನು?”

ಎದುರಾಡಲು ತ್ರಾಣವಿರಲಿಲ್ಲ. ಹೂಂ ಎಂದೆ.

ನಸುಕಿನ ಅಜಾನ್‌ನಲ್ಲಿ ‘ನಿದ್ದೆಗಿಂತ ನಮಾಜು ಮೇಲು’ ಎಂಬ ಮಾತು ಬರುತ್ತದೆ. ಅರೆಗಣ್ಣಿನಲ್ಲಿ ನಿಂತು ಅದನ್ನು ಕೂಗುವಾಗ ನನಗೇ ನಾಚಿಕೆಯಾಗುತ್ತಿತ್ತು. ದಾಂಡೇಲಿಯಿಂದ ಬಂದಿದ್ದ ನೆಂಟರೊಬ್ಬರು ಉಚ್ಚಾರ ಕೇಳಿ ನಕ್ಕರು. ಹೇಗೋ ಎರಡು ತಿಂಗಳು ಕಳೆಯಿತು.

ಒಂದು ದಿನ ಎಚ್ಚರವೇ ಆಗಲಿಲ್ಲ. ಬೆಳಕು ಹರಿಯುವ ಹೊತ್ತಿಗೆ ಮಸೀದಿಗೆ ಓಡಿದೆ. ಚಾಚಾ ಮೈಕು ಹಿಡಿದು ಒಬ್ಬರೇ ನಿಂತಿದ್ದರು. ಕೊರಳ ನರಗಳು ಉಬ್ಬಿದ್ದವು.

“ನೀವು ಕೂಗಿದ್ರೇನು ಚಾಚಾ?”

“ಕೂಗಿದ್ನಿ. ಬರೇ ಗಾಳಿ ಬಂತು. ಯಾರೂ ಬರಲಿಲ್ಲ.”

ಬೈದಿದ್ದರೆ ತಡೆದುಕೊಳ್ಳುತ್ತಿದ್ದೆ. ಅವರು ಬೈಯಲಿಲ್ಲ. ಇಬ್ಬರೇ ನಮಾಜು ಮಾಡಿದೆವು. ಹಣೆ ನೆಲಕ್ಕೆ ಹಚ್ಚಿದ ಸಜ್ದಾದಿಂದ ತಲೆ ಎತ್ತುವುದೂ ನನಗೆ ಭಾರವಾಗಿತ್ತು.

ಆ ದಿನ ಕೆಲಸಕ್ಕೆ ಹೋಗಲಿಲ್ಲ. ಊರವರನ್ನು ಕೂಡಿಸಿ, ಒಬ್ಬನಿಂದ ಆಗದು ಎಂದು ಬಾಯಿಬಿಟ್ಟು ಹೇಳಿದೆ. ಇಬ್ಬರು ಮುಂದೆ ಬಂದರು. ವಾರದ ದಿನಗಳನ್ನು ಹಂಚಿಕೊಂಡೆವು.

ಚಾಚಾ ಆ ಮಳೆಗಾಲ ದಾಟಲಿಲ್ಲ. ನನ್ನ ದಣಿವು ಇಳಿದಿಲ್ಲ, ಉಚ್ಚಾರವೂ ಸುಧಾರಿಸಿಲ್ಲ. ನನ್ನ ಪಾಳಿಯ ದಿನ ಹೆಂಡತಿ ಎರಡು ಸಲ ಅಲುಗಾಡಿಸಿ ಎಬ್ಬಿಸುತ್ತಾಳೆ, ಹೋಗಿ ಕೂಗುತ್ತೇನೆ. ನಾಲ್ಕೈದು ಮಂದಿ ಬರುತ್ತಾರೆ.