ಮೆಟ್ರಿಯ ಗದ್ದೆಯಲ್ಲಿ ಕಂಡ ಕೈದಿ

ಕಣ್ಣಾರೆ ಕಂಡದ್ದನ್ನೂ ಇನ್ನೊಬ್ಬರ ಸಾಕ್ಷಿ ಇಲ್ಲದೆ ನಂಬಬಾರದು ಎನ್ನುವ ಪೈಕಿಯ ವಕೀಲ ನಾನು. ಯಾರಾದರೂ ದೆವ್ವ, ಗಾಳಿ ಎಂದು ಶುರು ಮಾಡಿದರೆ ಪಾಟೀಸವಾಲು ಹಾಕಿಯೇ ಸುಸ್ತು ಮಾಡುತ್ತಿದ್ದೆ. ಹಾಗಾಗಿ ಈ ಸಂಗತಿಯನ್ನು ಇಷ್ಟು ವರ್ಷ ಹೆಂಡತಿಗೂ ಹೇಳಿರಲಿಲ್ಲ. ಈಗ ನಿಮ್ಮ ಮುಂದೆ ಇಡುತ್ತಿದ್ದೇನೆ, ನಗುವುದಾದರೆ ನಗಿ.

ಅದು ಗಣಿಗಾರಿಕೆಯ ಭರಾಟೆಯ ಕಾಲ. ಹೊಸಪೇಟೆಯಲ್ಲಿ ನನ್ನಂಥ ಸಣ್ಣ ವಕೀಲರಿಗೆಲ್ಲ ಅದಿರು ಲಾರಿಗಳ ಅಪಘಾತದ ಕೇಸುಗಳೇ ಕೈತುಂಬ ಇದ್ದವು. ಅವುಗಳ ನಡುವೆ ಬಳ್ಳಾರಿ ಜೈಲಿನಿಂದ ಒಂದು ಪತ್ರ ಬಂತು. ಬರೆಸಿದವನು ಕಂಪ್ಲಿ ಹತ್ತಿರದ ಮೆಟ್ರಿ ಎಂಬ ಹಳ್ಳಿಯ ಹುಲುಗಪ್ಪ. ಕಾಲುವೆ ನೀರಿನ ಜಗಳದಲ್ಲಿ ಪಕ್ಕದ ಗದ್ದೆಯವನಿಗೆ ಸಲಿಕೆಯಿಂದ ಹೊಡೆದಿದ್ದ, ಆತ ಸತ್ತಿದ್ದ. ಇವನಿಗೆ ಜೀವಾವಧಿ ಶಿಕ್ಷೆಯಾಗಿತ್ತು. ನಡತೆ ಚೆನ್ನಾಗಿರುವ ಕೈದಿಗಳನ್ನು ಬಯಲು ಬಂದೀಖಾನೆಗೆ ಕಳಿಸುವುದುಂಟು. ಅಲ್ಲಿ ಎತ್ತರದ ಗೋಡೆಗಳಿಲ್ಲ, ಹೊಲದಲ್ಲಿ ದುಡಿಯಬಹುದು. ಹುಲುಗಪ್ಪನಿಗೆ ಅಲ್ಲಿಗೆ ಹೋಗಬೇಕಿತ್ತು.

"ಮಣ್ಣು ಮುಟ್ಟಿ ಎಂಟು ವರ್ಸ ಆತ್ರಿ ವಕೀಲ್ರ. ಸಾಯೋದ್ರಾಗ ಒಮ್ಮೆ ನೀರು ಕಟ್ಟಬೇಕ್ರಿ," ಎಂದು ನಾನು ಜೈಲಿಗೆ ಹೋದಾಗ ಹೇಳಿ ಎಡಗೈಯಲ್ಲಿ ವಕಾಲತ್ತಿಗೆ ಸಹಿ ಹಾಕಿದ.

ಆಯ್ಕೆ ಸಮಿತಿ ಅವನ ಅರ್ಜಿಯನ್ನು ತಿರಸ್ಕರಿಸಿತ್ತು. ಕಾರಣ ಓದಿ ನನಗೆ ನಗು ತಡೆಯಲಾಗಲಿಲ್ಲ. ಹುಲುಗಪ್ಪ ಆಗಾಗ ತನ್ನ ಗದ್ದೆಯಲ್ಲಿ ನೀರು ಕಟ್ಟುವುದನ್ನು ಊರವರು ಕಂಡು ಹೆದರಿದ್ದಾರೆ, ಇಂಥವನನ್ನು ಗೋಡೆಯಿಲ್ಲದ ಕಡೆ ಇಡುವುದು ಸರಿಯಲ್ಲ ಎಂದು ಠಾಣೆಯ ವರದಿ ಹೇಳುತ್ತಿತ್ತು. ಜೈಲಿನ ಹಾಜರಿಯಲ್ಲಿ ಅವನು ಒಂದು ದಿನವೂ ತಪ್ಪಿರಲಿಲ್ಲ. ಹೈಕೋರ್ಟಿಗೆ ಹೋದೆವು. ಅಲ್ಲಿಯೂ ನಕ್ಕರು. ಆದರೆ ಯಾರನ್ನು ಕಳಿಸಬೇಕೆಂದು ತೀರ್ಮಾನಿಸುವುದು ಸಮಿತಿಯ ಕೆಲಸ, ಆ ಕುರ್ಚಿಯಲ್ಲಿ ನಾವು ಕೂರಲಾಗದು, ತೀರ್ಮಾನಿಸಿದ ರೀತಿ ಸರಿಯಿದೆಯೇ ಎಂದಷ್ಟೇ ನೋಡಬಲ್ಲೆವು ಎಂದರು. ಮತ್ತೊಮ್ಮೆ ಪರಿಶೀಲಿಸಿ ಎಂದು ಕಡತವನ್ನು ಸಮಿತಿಗೇ ಹಿಂದಕ್ಕೆ ಕಳಿಸಿದರು.

ಸರಿ, ಊರವರಿಂದಲೇ 'ನಾವು ನೋಡಿಲ್ಲ' ಎಂದು ಬರೆಸಿಕೊಂಡು ಬರೋಣವೆಂದು ಮೆಟ್ರಿಗೆ ಹೋದೆ. ಮಧ್ಯಾಹ್ನ ಮೂರರ ಬಿಸಿಲು. ಹುಲುಗಪ್ಪನ ಗದ್ದೆ ಯಾವುದೆಂದು ಕೇಳಿಕೊಂಡು ಹೋಗಿ ಬೈಕ್ ನಿಲ್ಲಿಸಿದೆ. ಒಬ್ಬ ಗಂಡಸು ಬೆನ್ನು ಬಗ್ಗಿಸಿ, ಎಡಗೈ ಮುಂದು ಮಾಡಿ, ಸಲಿಕೆಯಿಂದ ಮಣ್ಣೆಳೆದು ನೀರು ತಿರುಗಿಸುತ್ತಿದ್ದ. ತಲೆ ಎತ್ತಿ ನನ್ನತ್ತ ನೋಡಿದ. ಹುಲುಗಪ್ಪನೇ. ಜೈಲಿನಲ್ಲಿ ನನ್ನೆದುರು ಕೂತಿದ್ದ ಅದೇ ಮುಖ. ಗುರುತಿನವರನ್ನು ಕಂಡಂತೆ ಕೈ ಎತ್ತಿದ, ನಾನೂ ಎತ್ತಿದೆ. ಅವನು ಜೈಲಿನಲ್ಲಿರಬೇಕಾದವನು ಎಂಬುದು ಹೊಳೆದದ್ದು ಆಮೇಲೆ. ಬದುವಿನ ಮೇಲೆ ಎದ್ದುಬಿದ್ದು ಅಲ್ಲಿಗೆ ಹೋಗುವಷ್ಟರಲ್ಲಿ ಯಾರೂ ಇರಲಿಲ್ಲ. ಹಸಿ ಮಣ್ಣಿನ ಒಡ್ಡು ಇತ್ತು, ನೀರು ಗದ್ದೆಗೆ ಹರಿಯುತ್ತಿತ್ತು.

ಆಚೆ ಬದುವಿನ ಮೇಲೆ ಅವನ ಹೆಂಡತಿ ನೀಲಮ್ಮ ಕೂತಿದ್ದಳು. ನಾನು ಯಾರೆಂದು ಹೇಳಿಕೊಂಡೆ.

"ನೀವೂ ನೋಡಿದ್ರೇನ್ರಿ?" ಎಂದಳು.

ಯಾರು ಅದು ಎಂದೆ.

"ನಾ ಕೇಳಾಕ ಹೋಗಿಲ್ರಿ. ಕಾಲುವಿ ನೀರಿನ ನಮ್ ಪಾಳಿ ಬಂದ ದಿನ ಬರ್ತಾರ, ನೀರು ಕಟ್ತಾರ, ಹೋಗ್ತಾರ." ಮತ್ತೆ ಹೇಳಿದಳು: "ವಕೀಲ್ರ, ಆ ಬಯಲು ಜೈಲು ಬ್ಯಾಡ್ರಿ. ಅಲ್ಲಿ ಅವ್ರಿಗೆ ಹೊಲ ಸಿಕ್ರ ಇಲ್ಲಿಗ್ಯಾಕ ಬರ್ತಾರ?"

ಮರುದಿನವೇ ಬಳ್ಳಾರಿಗೆ ಹೋಗಿ ವಿಚಾರಿಸಿದೆ. ಆ ಮಧ್ಯಾಹ್ನ ಹುಲುಗಪ್ಪ ಜೈಲಿನ ಮಗ್ಗದ ಕೋಣೆಯಲ್ಲಿದ್ದ, ಇಬ್ಬರು ವಾರ್ಡರುಗಳು ನೋಡಿದ್ದರು. ಅವನು ಮಾತ್ರ ಏನೂ ಅರಿಯದವನಂತೆ "ಅರ್ಜಿ ಏನಾತ್ರಿ?" ಎಂದು ಕೇಳಿದ. ನನ್ನ ಕಕ್ಷಿದಾರ ಅವನು, ನೀಲಮ್ಮ ಅಲ್ಲ. ಊರವರು ಯಾರೂ ಬರೆದುಕೊಡಲಿಲ್ಲ. ಕೊನೆಗೆ ನಾನೇ ಪ್ರಮಾಣಪತ್ರ ಸಲ್ಲಿಸಿದೆ: ಖುದ್ದಾಗಿ ಸ್ಥಳಕ್ಕೆ ಹೋಗಿದ್ದೆ, ಅಂಥದ್ದೇನೂ ಕಂಡುಬಂದಿಲ್ಲ. ವೃತ್ತಿಯಲ್ಲಿ ನಾನು ಬರೆದ ಸುಳ್ಳು ಅದೊಂದೇ ಎಂದರೆ ನೀವು ನಂಬಲಾರಿರಿ. ಸಂಕಟಪಟ್ಟು ಬರೆದದ್ದು ಮಾತ್ರ ಅದೊಂದೇ. ಸಮಿತಿ ಒಪ್ಪಿತು, ಹುಲುಗಪ್ಪ ಬಯಲು ಬಂದೀಖಾನೆಗೆ ಹೋದ.

ವರ್ಷದ ಮೇಲೆ ಹೊಸಪೇಟೆ ಬಸ್ ನಿಲ್ದಾಣದಲ್ಲಿ ನೀಲಮ್ಮ ಸಿಕ್ಕಳು. ಗಂಡನನ್ನು ನೋಡಿಕೊಂಡು ಊರಿಗೆ ಮರಳುತ್ತಿದ್ದಳು. ಹೇಗಿದ್ದಾನೆ ಎಂದೆ.

"ಭಾಳ ಆರಾಮ ಅದಾರ್ರಿ. ಬದ್ನಿ, ಟೊಮ್ಯಾಟೊ ಬೆಳೀತಾರ."

ಗದ್ದೆಗೆ ಬರುತ್ತಾನೆಯೇ ಎಂದು ಕೇಳಲು ನನಗೆ ಧೈರ್ಯ ಬರಲಿಲ್ಲ. ಅವಳೇ ಹೇಳಿದಳು.

"ಈಗ ಬರವಲ್ರು. ಪಾಳಿ ದಿನ ನಾನ ನೀರು ಕಟ್ತೀನಿ. ಈ ಸಲ ಹೋದಾಗ ಗದ್ದಿ ಮಾತು ತೆಗೆದ್ರ, ನಮ್ ಗದ್ದಿ ಊರಿನ ಯಾವ್ ದಿಕ್ಕಿಗೆ ಐತಿ ಅಂತ ನನ್ನ ಕೇಳಿದ್ರು."

ಕಂಪ್ಲಿ ಬಸ್ಸು ಬಂತು, ಹತ್ತಿ ಹೋದಳು. ಆ ದಿನ ನಾನು ಕಂಡದ್ದು ಏನು ಎಂಬುದು ಇವತ್ತಿಗೂ ತಿಳಿದಿಲ್ಲ. ಅವಳ ಪಾಲಿಗೆ ಉಳಿದಿದ್ದ ಅಷ್ಟನ್ನೂ ಕಾನೂನಿನ ಪ್ರಕಾರವೇ ಕಿತ್ತುಕೊಂಡೆನೋ ಏನೋ ಎಂಬ ಅನುಮಾನವೂ ಹೋಗಿಲ್ಲ.