ತಡೆಯಾಜ್ಞೆ ಮಾವ

ರೈಲ್ವೆ ಜಾಗದಲ್ಲಿ ಬೀಗ ರಿಪೇರಿ ಅಂಗಡಿ ಇಟ್ಟವನಿಗೆ ಊರೆಲ್ಲ ಇಟ್ಟ ಹೆಸರು ತಡೆಯಾಜ್ಞೆ ಮಾವ. ಲೈಸೆನ್ಸ್ ನವೀಕರಿಸುವುದಿಲ್ಲವೆಂದು ರೈಲ್ವೆಯವರು ಹಟ ಹಿಡಿದು ಹದಿನೆಂಟು ವರ್ಷವಾಯಿತು. ಅಂದಿನಿಂದ ಕೋರ್ಟಿನ ತಡೆಯಾಜ್ಞೆಯೇ ಆ ಅಂಗಡಿಗೆ ಸೂರು. ಸೊಸೆ ಉಪ್ಪು ಜಾಸ್ತಿ ಹಾಕಿದರೆ "ನನ್ನ ಆಕ್ಷೇಪಣೆ ಇದೆಯಮ್ಮಾ" ಎನ್ನುತ್ತಾನೆ, ಹೆಂಡತಿ ನಲ್ಲಿ ಸೋರುತ್ತಿದೆ ಎಂದರೆ "ಮುಂದಿನ ವಾಯಿದೆಗೆ ನೋಡೋಣ ಕಣೇ" ಎನ್ನುತ್ತಾನೆ. ಜಾಗ ಖಾಲಿ ಮಾಡೆಂಬ ನೋಟಿಸು ಅಂಟಿಸಲು ಬಂದ ರೈಲ್ವೆ ಪೇದೆಗೆ ಗೋಂದು ಕೊಡುವವನೂ ಇವನೇ: "ನೆಟ್ಟಗೆ ಅಂಟಿಸಪ್ಪಾ! ನನ್ನನ್ನ ಅಲ್ಲಾಡಿಸೋಕೆ ಯಾರಪ್ಪನ ಕೈಲಾಗುತ್ತೆ?" ಮೊನ್ನೆ ಬುತ್ತಿ ತಂದ ಹೆಂಡತಿ ಅಂಗಡಿಯ ಒಳಗೋಡೆ ನೋಡಿದಳು. ಬೀಗ, ಕೀಲಿ, ಹಲಗೆಗಳೆಲ್ಲ ತೊಲೆಗೆ ಕಟ್ಟಿದ ಹಗ್ಗದಲ್ಲಿ ತೂಗುತ್ತಿದ್ದವು. ಗಂಟು ಬಿಚ್ಚಿದರೆ ಇಡೀ ಅಂಗಡಿ ಗಳಿಗೆಯಲ್ಲಿ ಖಾಲಿ. "ಅಲ್ರೀ, ಇಷ್ಟು ವರ್ಷದಲ್ಲಿ ಒಂದು ಮೊಳೆನೂ ಹೊಡೆದಿಲ್ವಲ್ಲ?" ಮಾವ ದನಿ ತಗ್ಗಿಸಿದ: "ಹೊಡೆದ್ಮೇಲೆ ಕೀಳೋಕೆ ನನ್ನ ಕೈಲಾಗಲ್ಲ ಕಣೇ."