ಭೀಮಣ್ಣ ಮಾಸ್ತರರ ಇಳಿದ ತಂತಿ

ಈಗಷ್ಟೇ ಸಂಗೀತದ ಬೈಠಕ್ ಮುಗಿಸಿ ಬಂದು ಪಿಟೀಲಿನ ಕಮಾನು ಒರೆಸುತ್ತ ಕೂತಿದ್ದೇನೆ. ಕೈಗೆಲ್ಲ ರಾಳದ ವಾಸನೆ. ಕಮಾನಿಗೆ ತಿಕ್ಕುವ ಈ ರಾಳದ ತುಂಡು ಸವೆದು ಹುಣಸೆಬೀಜದಷ್ಟಾಗಿದೆ. ನನ್ನ ಗುರುಗಳಾದ ಭೀಮಣ್ಣ ಮಾಸ್ತರರದು, ಎಸೆಯಲು ಮನಸ್ಸಿಲ್ಲ. ಇವತ್ತು ಮಂದಿ ನನ್ನನ್ನು ನೋಡಿ ನಕ್ಕರು ನೋಡ್ರಿ. ಅದನ್ನು ಆಮೇಲೆ ಹೇಳುತ್ತೇನೆ.

ಎಪ್ಪತ್ತರ ದಶಕದ ಕೊನೆ. ಕಾಲೇಜು ಮುಗಿಸಿ ರಾಯಚೂರಿನಲ್ಲಿ ಅವರ ಮನೆಗೆ ಕಲಿಯಲು ಹೋಗುತ್ತಿದ್ದೆ. ಕಲಿಕೆಯೋ, ಏನು ಹೇಳಲಿ! ನಾನು ಕಮಾನು ಎಳೆದರೆ ಎದುರು ಮನೆಯ ಎಮ್ಮೆ ಹಗ್ಗ ಜಗ್ಗುತ್ತಿತ್ತು. "ಯವ್ವಾ, ಆ ಮೂಕಪ್ರಾಣಿ ಏನ್ ಪಾಪ ಮಾಡ್ಯದ?" ಎನ್ನುತ್ತಿದ್ದರು ಮಾಸ್ತರರು. ಅವರು ನುಡಿಸಿದರೆ ಅದೇ ಎಮ್ಮೆ ಮೆಲುಕು ಹಾಕುವುದನ್ನೂ ಮರೆಯುತ್ತಿತ್ತು. ನಂಬ್ರಿ, ಬಿಡ್ರಿ, ನಾನಂತೂ ಕಣ್ಣಾರೆ ಕಂಡಿದ್ದೇನೆ.

ಇಂಥವರಿಗೆ ಇಪ್ಪತ್ತು ವರ್ಷ ಬರೀ ಸಾಥ್ ಕೊಡುವ ಕೆಲಸ. ಹಾಡುವವರ ಪಕ್ಕ ಕೂತು ಅವರ ದನಿಗಿಂತ ಅರ್ಧ ಉಸಿರು ಹಿಂದೆ ಬರಬೇಕು, ಮುಂದೆ ಹೋಗುವಂತಿಲ್ಲ. ಅವರೊಬ್ಬರನ್ನೇ ಕೂರಿಸಿ ಕೇಳಬೇಕೆಂದು ಯಾರಿಗೂ ಅನ್ನಿಸಿರಲಿಲ್ಲ. ಕೊನೆಗೊಮ್ಮೆ ಮಾನ್ವಿಯ ಅಕ್ಕಿ ಗಿರಣಿ ಸಾಹುಕಾರರು, "ಈ ಬೈಠಕ್ ಛಲೋ ಆಗ್ಲಿ, ಬರೋ ತಿಂಗಳ ನಿಮ್ಮೊಬ್ರದ ಇಡೂಣ್ರಿ" ಅಂದರು. ಮಾಸ್ತರರು ನಾಲ್ಕು ದಿನ ಮೊದಲೇ ಹೊಸ ತಂತಿ ಕಟ್ಟಿ, ಎಳೆದೆಳೆದು ಪಳಗಿಸಿದರು. ಆ ತಂತಿ ತಾನಾಗಿ ಇಳಿಯುವ ಮಾತೇ ಇರಲಿಲ್ಲ.

ಸಾಹುಕಾರರ ಆ ಬೈಠಕ್ಕಿನಲ್ಲಿ ಹಾಡುವವರು ದೇವದುರ್ಗದ ಶಾಂತಮ್ಮನವರು, ಎಪ್ಪತ್ತು ದಾಟಿದವರು. ನಾನು ಹಿಂದೆ ತಂಬೂರಿ ಹಿಡಿದಿದ್ದೆ. ಮೊದಲ ಸಾಲು ಆಯಿತು. ಎರಡನೆಯದು ಬರಲಿಲ್ಲ. ಮೊದಲನೆಯದನ್ನೇ ಮತ್ತೆ ಹಾಡಿದರು, ಮತ್ತೆ ಹಾಡಿದರು. ಮೂರನೇ ಸಲ ಮಾಸ್ತರರ ಕಡೆ ತಿರುಗಿದರು. ಮರೆತುಬಿಟ್ಟಿದ್ದರು.

ಆಗ ಮಾಸ್ತರರು ಮೆಲ್ಲಗೆ ಬಿರಡೆ ತಿರುವಿ, ತಾವೇ ತಂತಿ ಸಡಿಲ ಮಾಡಿದ್ದನ್ನು ನಾನು ಕಂಡೆ. ಅಪಸ್ವರ ಕಿರ್ರೆಂದಿತು. "ತಪ್ಪಾತ್ರಿ, ತಂತಿ ಇಳೀತು" ಎಂದರು. ತಬಲಾದವರು ಕೈ ತಡೆದರು. ಶ್ರುತಿ ಕೂಡಿಸುವ ನೆಪದಲ್ಲಿ ಮಾಸ್ತರರು ಮರೆತ ಸಾಲಿನ ಸ್ವರಗಳನ್ನೇ ಸಣ್ಣಗೆ ಎಳೆದರು. ಶಾಂತಮ್ಮನವರ ಮುಖ ಅರಳಿತು. ಸಾಲು ಬಂತು, ಎಂಥಾ ಬರುವುದು ಅಂತೀರಿ!

"ಏನ್ರೀ ಮಾಸ್ತರ, ನಡು ಹಾಡಿನ್ಯಾಗ ತಂತಿ ತಿರುವೋರು ಒಬ್ರ ಕುಂತು ಏನ್ ನುಡಿಸ್ತೀರಿ?" ಎಂದು ಸಾಹುಕಾರರು ನಕ್ಕರು. ಮಂದಿಯೂ ನಕ್ಕರು. ಬರೋ ತಿಂಗಳು ಬಂತು, ಹೋಯಿತು. ಅವರೊಬ್ಬರನ್ನೇ ಯಾರೂ, ಎಂದೂ ಕೂರಿಸಲಿಲ್ಲ.

ರಾಯಚೂರಿನ ಬಸ್ಸಿನಲ್ಲಿ ನಾನು ಅವರ ಜೊತೆ ಜಗಳಕ್ಕೇ ಬಿದ್ದೆ. "ಖರೇ ಹೇಳಬೇಕಿತ್ತಲ್ರಿ!"

"ನನ್ನ ತಂತಿ ಇಳಿದ್ರ ನಾಳಿ ಮತ್ತ ಬಿಗೀತೀನಿ. ಆ ಯವ್ವ ಮರ್ತಾಳಂತ ಮಂದಿ ಅಂದ್ರ, ಆಕಿ ಮತ್ತ ಬಾಯಿ ತೆರಿಯಂಗಿಲ್ಲ. ಸುಮ್ನಿರು."

ಸುಮ್ಮನಿದ್ದೆ. ಶಾಂತಮ್ಮನವರು ಇನ್ನೂ ಆರು ವರ್ಷ ಹಾಡಿದರು. ಈಗ ಇಬ್ಬರೂ ಇಲ್ಲ, ಅದಕ್ಕೇ ನಿಮಗೆ ಹೇಳಿದೆ.

ಇವತ್ತು ನನ್ನ ವಯಸ್ಸಿನ ಗೆಳತಿಯೊಬ್ಬಳು ಹಾಡುತ್ತ ಹಾಡುತ್ತ ತಟಕ್ಕನೆ ನಿಂತಳು. ಯೋಚನೆ ಬರುವ ಮೊದಲೇ ನನ್ನ ಕೈ ಬಿರಡೆಯ ಮೇಲಿತ್ತು.

"ಟೀಚರ್, ಇಷ್ಟು ವರ್ಷ ಆದ್ರೂ ಶ್ರುತಿ ಹತ್ತವಲ್ದೇನ್ರಿ?" ಎಂದು ಯಾರೋ ಕೂಗಿದರು. ಎಲ್ಲರೂ ನಕ್ಕರು.

"ಹೌದ್ರಿ," ಅಂದೆ, "ತಂತಿ ಇಳೀತು."

ಗೆಳತಿಯ ಹೆಸರು ಮಾತ್ರ ಕೇಳಬೇಡ್ರಿ. ಆಕೆ ಇನ್ನೂ ಹಾಡಬೇಕು.